ಯಮ್ನಾಳ ವಾರ

ಸೆಫ್ರೂವಿನ ಹಳೇಪೇಟೆಯಲ್ಲಿ, ಹೊಳೆಯ ಈಚೆ ದಡದ ಹೆಂಗಸರು ‘ಯಮ್ನಾಳ ಹತ್ತಿರ ಹೋಗಿದ್ದೆ’ ಎಂದರೆ ‘ಸ್ನಾನ ಮಾಡಿಕೊಂಡು ಬಂದೆ’ ಎಂದೇ ಅರ್ಥವಾಗುತ್ತಿದ್ದ ಕಾಲವೊಂದಿತ್ತು. ಆ ಬಿಸಿನೀರಿನ ಸ್ನಾನಗೃಹ, ಹಮ್ಮಾಮು, ಅವಳದಲ್ಲ, ಅವಳ ಅಪ್ಪ ಹಾಜಿ ಜಿಲಾಲಿಯದು. ಅದಕ್ಕೂ ಮೊದಲು ಅವನ ಅಪ್ಪನದು. ಬೆಳಗಿನ ಹೊತ್ತು ಗಂಡಸರಿಗೆ, ಮಧ್ಯಾಹ್ನದ ನಮಾಜಿನಿಂದ ಕತ್ತಲಾಗುವವರೆಗೆ ಹೆಂಗಸರಿಗೆ. ಹೆಂಗಸರ ಸರದಿ ಶುರುವಾಗುತ್ತಲೂ ಬಾಗಿಲೊಳಗಿನ ಕಲ್ಲುಕಟ್ಟೆಯ ಮೇಲೆ ಕುರಿಚರ್ಮ ಹಾಸಿಕೊಂಡು ಯಮ್ನಾ ಕೂರುತ್ತಿದ್ದಳು. ದುಡ್ಡು ಇಸಿದುಕೊಳ್ಳುವುದು, ಬಟ್ಟೆಗಂಟು ಕಾಯುವುದು, ಬಕೆಟ್ಟಿಗಾಗಿ ಜಡೆಗೆ ಜಡೆ ಹಿಡಿದವರನ್ನು ಬಿಡಿಸುವುದು, ಉಗಿಯ ಕಾವಿಗೆ ತಲೆಸುತ್ತಿದವಳ ಮೂಗಿಗೆ ನಿಂಬೆಹಣ್ಣು ಹಿಡಿಯುವುದು, ಎಲ್ಲ ಅವಳ ಕೆಲಸ. ಮಗನಿಗೆ ಹೆಣ್ಣು ಹುಡುಕುತ್ತ ಬಂದು ಎಳೆಯ ಹುಡುಗಿಯರ ಮೈಮೇಲೆ ಕಣ್ಣಾಡಿಸುವ ತಾಯಂದಿರಿಗೆ, “ಏನ್ ಲಲ್ಲಾ, ಸ್ನಾನಕ್ಕೆ ಬಂದ್ರೋ ಸಂತೆಗೆ ಬಂದ್ರೋ?” ಎಂದು, ‘ಅಮ್ಮಾವ್ರೇ’ ಎನ್ನುವ ಅರ್ಥದ ಲಲ್ಲಾ ಸೇರಿಸಿಯೇ ಚುಚ್ಚುವುದೂ ಅವಳೇ. ದಪ್ಪ ಮೈ, ಮದರಂಗಿ ಹಚ್ಚಿ ಕೆಂಪಾದ ಕೂದಲು, ವರ್ಷಗಟ್ಟಲೆ ಉಗಿ ಕುಡಿದು ಒಡೆದ ದನಿ. ಆ ದನಿ ಬೀದಿ ತಿರುವಿನ ರೊಟ್ಟಿ ಸುಡುವ ಒಲೆಯವರೆಗೂ ಕೇಳುತ್ತಿತ್ತು.

ಹತ್ತೊಂಬತ್ತು ತುಂಬಿದಾಗ ಅವಳನ್ನು ಬೆಟ್ಟದ ಮೇಲಿನ ಬೂಲ್ಮಾನಿನ ಉಣ್ಣೆ ವ್ಯಾಪಾರಿಗೆ ಕೊಟ್ಟಿದ್ದರು. ಮಕ್ಕಳಾಗಲಿಲ್ಲ. ಗಂಡ ಇನ್ನೊಬ್ಬಳನ್ನು ಮನೆಗೆ ತಂದ. “ನೀನೂ ಇರು, ಯಾರು ಬೇಡ ಅಂದ್ರು?” ಎಂದ. ಯಮ್ನಾ ಇರಲಿಲ್ಲ. ಒಂದು ಗಂಟು ಬಟ್ಟೆ, ತಾಯಿ ಕೊಟ್ಟಿದ್ದ ಹಿತ್ತಾಳೆಯ ಚಹಾ ತಟ್ಟೆ ಹೊತ್ತುಕೊಂಡು ಬಸ್ಸಿಳಿದು ತವರಿಗೆ ಬಂದಳು. ಆ ಚಳಿಗಾಲದಲ್ಲೇ ತಾಯಿ ತೀರಿಕೊಂಡಿದ್ದಳು. ಹಮ್ಮಾಮಿನ ಕಟ್ಟೆಯಲ್ಲಿ ಕೂರುವವರಿರಲಿಲ್ಲ. ಅಪ್ಪ ಏನಾಯಿತು ಯಾಕಾಯಿತು ಎಂದು ಒಂದು ಮಾತೂ ಕೇಳಲಿಲ್ಲ. ಬೀಗದ ಕೈಗೊಂಚಲು ಅವಳ ಮುಂದಿಟ್ಟು, “ಸೌದೆ ಒದ್ದೆ ಬಂದಿದೆ, ಸಲ್ಲಾಮ್ ಕೂಗಾಡ್ತಿದಾನೆ, ಏನು ಅಂತ ನೋಡು,” ಎಂದ. ಸಲ್ಲಾಮ್ ಎಂದರೆ ಹಮ್ಮಾಮಿನ ಹಿಂದಿನ ಗವಿಯಂಥ ಒಲೆಮನೆಯಲ್ಲಿ ಉರಿ ನೋಡಿಕೊಳ್ಳುವವನು. ಮೈಯೆಲ್ಲ ಮಸಿಯಾದ, ಮಾತು ಕಡಿಮೆಯಾದ ಆಳು. ಯಮ್ನಾ ಅವನನ್ನು ಚಿಕ್ಕಪ್ಪ ಎಂದೇ ಕರೆಯುತ್ತಿದ್ದಳು.

ಹಾಗೆ ಕೂತವಳು ಮೂವತ್ತು ವರ್ಷ ಕೂತಳು. ಅಪ್ಪನ ಮೊಣಕಾಲು ಕೈಕೊಟ್ಟ ಮೇಲೆ ಸೌದೆ ಕೊಳ್ಳುವುದು, ಬಾವಿ ಹೂಳೆತ್ತಿಸುವುದು, ಗುಮ್ಮಟದ ಬಿರುಕಿಗೆ ಗಾರೆ ಹಾಕಿಸುವುದೂ ಅವಳ ಮೇಲೇ ಬಿತ್ತು. ಅಣ್ಣ ಬೂಶ್ತಾನಿಗೆ ಹೊಸಪೇಟೆಯಲ್ಲಿ ಮರದ ಡಿಪೋ ಇತ್ತು, ಎರಡು ಲಾರಿ ಇದ್ದವು. ತಮ್ಮ ಅಲ್ಲಾಲ್ ಫೆಜ್ ಪಟ್ಟಣದ ವಿಮಾ ಕಚೇರಿಯಲ್ಲಿ ಗುಮಾಸ್ತ. ಮೆತ್ತಗೆ ಮಾತಾಡುವವನು, ಹಬ್ಬಕ್ಕೂ ಟೈ ಕಟ್ಟುವವನು. ಕೊನೆಯವಳು ಹನಿಯಾ. ತಾಯಿ ಸತ್ತಾಗ ಅವಳಿನ್ನೂ ಲಂಗದ ಹುಡುಗಿ. ಅವಳ ತಲೆ ಬಾಚಿ, ಮೈನೆರೆದಾಗ ಪಕ್ಕದಲ್ಲಿ ಕೂತು ಧೈರ್ಯ ಹೇಳಿ, ಕೊನೆಗೆ ಕನಿತ್ರಾದ ಔಷಧಿ ಅಂಗಡಿಯವನಿಗೆ ಮದುವೆ ಮಾಡಿ ಕಳಿಸಿದವಳು ಯಮ್ನಾ.

ಒಂದು ಹಬ್ಬದ ದಿನ, ಗಂಡುಮಕ್ಕಳಿಬ್ಬರೂ ಎದುರಿಗಿದ್ದಾಗ ಹಾಜಿ ಜಿಲಾಲಿ ಹೇಳಿದ: “ಪಾಲು ದೇವರು ಹೇಳಿದ ಹಾಗೆ ಹಂಚ್ಕೊಳಿ. ಆದ್ರೆ ಯಮ್ನಾನ ಆ ಕಟ್ಟೆಯಿಂದ ಯಾರೂ ಎಬ್ಬಿಸಕೂಡದು.” ಇಬ್ಬರೂ ಹೂಂ ಎಂದು ಅಪ್ಪನ ತಲೆಗೆ ಮುತ್ತಿಟ್ಟರು. ಮಾತು ಮಾತಾಗಿಯೇ ಉಳಿಯಿತು. ಬರೆಸಿಡೋಣ ಎಂದು ಅವಳಿಗೂ ಹೊಳೆಯಲಿಲ್ಲ, ಅವನಿಗೂ ಹೊಳೆಯಲಿಲ್ಲ.

ಅಪ್ಪ ಸತ್ತು ನಲವತ್ತನೆಯ ದಿನದ ಊಟ ಮುಗಿದು, ಕುರ್‌ಆನ್ ಓದಿದವರು ಎದ್ದುಹೋದ ಮೇಲೆ ಬೂಶ್ತಾ ತಂಗಿಯನ್ನು ಕರೆದ.

“ಯಮ್ನಾ, ಬಾ ಕೂತ್ಕೊ. ಬಡಿಸಿದ್ದು ಸಾಕು.”

ಅವಳು ಕೈ ಒರೆಸಿಕೊಂಡು ಕೂತಳು.

“ಹಮ್ಮಾಮು ಇನ್ಮೇಲೆ ನಾನು ನೋಡ್ಕೋತೀನಿ. ನಿನ್ನ ಪಾಲಿಂದು ಏನಾಗುತ್ತೋ ಕೊಟ್ಬಿಡ್ತೀನಿ. ನೀನು ಮೇಲಿನ ಕೋಣೇಲಿ ಆರಾಮಾಗಿರು. ವಯಸ್ಸಾಯ್ತು, ಎಷ್ಟು ದಿನ ಅಂತ ಕಂಡೋರ ಬಟ್ಟೆ ಕಾಯ್ತೀಯ?”

“ಮತ್ತೆ ಕಟ್ಟೆ ಮೇಲೆ ಯಾರು ಕೂರ್ತಾರೆ?”

“ನನ್ನ ನಾದಿನಿ. ಗಂಡ ಇಲ್ಲದೋಳು, ಪಾಪ.”

“ನನಗೆ ಇದಾನಾ?”

ಅಲ್ಲಾಲ್ ನಡುವೆ ಬಾಯಿ ಹಾಕಿ, “ಅಕ್ಕ, ಪ್ರೀತಿ ಬೇರೆ, ಆಸ್ತಿ ಬೇರೆ,” ಎಂದ.

“ಅಪ್ಪ ಹೇಳಿದ್ದು ನಿನ್ನ ಕಿವಿಗೂ ಬಿದ್ದಿತ್ತಲ್ಲೋ ಅಲ್ಲಾಲ್.”

“ಅಪ್ಪನಿಗೆ ಆಗ ಸಕ್ಕರೆ ಕಾಯಿಲೆ ತಲೆಗೇರಿತ್ತು. ಏನೇನೋ ಅಂತಿದ್ರು. ಅದನ್ನೆಲ್ಲ ಹಿಡ್ಕೊಂಡು ಕೂತ್ರೆ ಆಗುತ್ತಾ?”

ಹನಿಯಾ ಗೋಡೆಗೊರಗಿ ಕೂತು ತನ್ನ ಬಳೆ ತಿರುಗಿಸುತ್ತಿದ್ದಳು. ಯಮ್ನಾ ಅವಳ ಕಡೆ ನೋಡಿದಳು. ಹನಿಯಾ ತಲೆ ಎತ್ತಲಿಲ್ಲ.

ಯಮ್ನಾ ಒಪ್ಪಲಿಲ್ಲ. ಕೆಲವು ದಿನ ಏನೂ ಆಗದವರ ಹಾಗೆ ಕಟ್ಟೆಯ ಮೇಲೆ ಕೂತಳು. ಒಂದು ಮಧ್ಯಾಹ್ನ ಸಾಬೂನು, ತಲೆಗೆ ಹಚ್ಚುವ ಗಸೂಲ್ ಮಣ್ಣು ತರಲು ಹೋಗಿ ಬರುವಷ್ಟರಲ್ಲಿ ಬಾಗಿಲಿಗೆ ಹೊಸ ಬೀಗ ಬಿದ್ದಿತ್ತು. ಅವಳ ಕುರಿಚರ್ಮ ಬೀದಿಯಲ್ಲಿ ಬಿದ್ದಿತ್ತು. ಅದರ ಮೇಲೆ ಯಾರೋ ಕಾಲಿಟ್ಟು ಹೋಗಿದ್ದರು. ರೊಟ್ಟಿ ಒಲೆಯ ಮುಂದೆ ನಿಂತಿದ್ದವರೆಲ್ಲ ನೋಡಿದರು, ನೋಡಿ ಬೇರೆ ಕಡೆ ತಿರುಗಿದರು. ಅವಳು ಚರ್ಮ ಎತ್ತಿ ಕೊಡವಿಕೊಂಡು ಪಕ್ಕದ ಮೆಟ್ಟಿಲು ಹತ್ತಿ ತನ್ನ ಕೋಣೆಗೆ ಹೋದಳು. ಮರುದಿನದಿಂದ ಕೆಳಗೆ ಅಣ್ಣನ ನಾದಿನಿ ದುಡ್ಡು ಕೇಳುವ ದನಿ ನೆಲದ ಮೂಲಕ ಬರುತ್ತಿತ್ತು. ಆ ದನಿಯನ್ನು ಒಂದು ವಾರ ಕೇಳಿಸಿಕೊಂಡು, ಎಂಟನೆಯ ದಿನ ಯಮ್ನಾ ವಕೀಲರ ಮನೆ ಹುಡುಕಿಕೊಂಡು ಹೊರಟಳು.

ಸುದ್ದಿ ತಿಳಿದು ಹನಿಯಾ ಕನಿತ್ರಾದಿಂದ ಓಡಿ ಬಂದಳು.

“ಅಕ್ಕ, ಕೈ ಮುಗಿತೀನಿ, ಕೋರ್ಟು ಗೀರ್ಟು ಅಂತ ಹೋಗ್ಬೇಡ. ನಾಳೆ ನನ್ನ ಗಂಡ ಏನಾದ್ರೂ ಅಂದ್ರೆ ನಾನು ಬಂದು ನಿಲ್ಲೋಕೆ ಇರೋದು ಅಣ್ಣನ ಮನೆ ಒಂದೇ. ಅವನನ್ನ ಎದುರು ಹಾಕ್ಕೊಂಡು ನಾನೆಲ್ಲಿಗೆ ಹೋಗಲಿ?”

“ನೀನು ಬಂದು ನಿಲ್ಲೋ ಬಾಗಿಲಲ್ಲಿ ಇಷ್ಟು ವರ್ಷ ಕೂತಿದ್ದೋಳು ನಾನು ಕಣೆ.”

“ಈಗ ನೀನೇ ಆಚೆ ಇದೀಯಲ್ಲ,” ಎಂದಳು ಹನಿಯಾ. ಅಂದ ಮೇಲೆ ನಾಲಿಗೆ ಕಚ್ಚಿಕೊಂಡಳು. ಆದರೆ ಮಾತು ಬಾಯಿಂದ ಹೊರಬಿದ್ದಾಗಿತ್ತು. ಚಹಾ ಕುಡಿಯದೆ ಹೊರಟುಹೋದಳು.

ದಾವೆ ಹೂಡಿದವಳು ಯಮ್ನಾ. ಬೀಗ ಹಾಕಿದವನು ಬೂಶ್ತಾ ಎನ್ನುವುದನ್ನು ಊರು ಬೇಗ ಮರೆಯಿತು. ಅಣ್ಣತಮ್ಮಂದಿರನ್ನು ಕೋರ್ಟಿಗೆ ಎಳೆದವಳು ಎನ್ನುವ ಹೆಸರು ಮಾತ್ರ ಅವಳಿಗೆ ಅಂಟಿಕೊಂಡಿತು. ಮದುವೆ, ನಾಮಕರಣಕ್ಕೆ ಕರೆಯುವವರು ಕಡಿಮೆಯಾದರು. ವಾಯಿದೆಯ ಮೇಲೆ ವಾಯಿದೆ. ಒಂದು ಸಲ ಅಲ್ಲಾಲನ ವಕೀಲರಿಗೆ ಹುಷಾರಿಲ್ಲ, ಒಂದು ಸಲ ನಕಲು ಸಿಕ್ಕಿಲ್ಲ, ಒಂದು ಸಲ ನ್ಯಾಯಾಧೀಶರಿಗೇ ವರ್ಗ. ಕೋರ್ಟಿನ ಕಾರಿಡಾರಿನಲ್ಲಿ ಒಂದೇ ಬೆಂಚು. ಅದರ ಈ ತುದಿಗೆ ಯಮ್ನಾ, ಆ ತುದಿಗೆ ಅಣ್ಣತಮ್ಮಂದಿರ ಕಡೆಯವರು. ಅಲ್ಲಾಲ್ ಬಂದಾಗಲೆಲ್ಲ “ಅಕ್ಕ, ಸಲಾಮ್” ಎನ್ನುತ್ತಿದ್ದ. ಅದಕ್ಕೆ ಅವಳು ಸಲಾಮ್ ಎನ್ನುತ್ತಿದ್ದಳು. ಬೂಶ್ತಾ ಬೀಡಾಡಿ ನಾಯಿಯನ್ನು ದಾಟುವವನ ಹಾಗೆ ದಾಟಿ ಹೋಗುತ್ತಿದ್ದ.

ಕೊನೆಗೆ ಕೋರ್ಟಿನಿಂದ ಒಬ್ಬ ಇಂಜಿನಿಯರು ಬಂದು ಹಮ್ಮಾಮು ನೋಡಿದ. ಗೋಡೆಗೆ ಟೇಪು ಹಿಡಿದ, ಗುಮ್ಮಟ ನೋಡಿದ, ಒಲೆಮನೆಗೆ ಇಳಿದು ಕೆಮ್ಮುತ್ತ ಮೇಲೆ ಬಂದ. ಮೂರು ಕೋಣೆ, ಒಂದು ಬಾವಿ, ಒಂದು ಒಲೆ, ಒಂದು ತಾಮ್ರದ ಕೊಪ್ಪರಿಗೆ. ಭಾಗ ಮಾಡಲು ಬರುವಂಥದ್ದಲ್ಲ ಎಂದು ಬರೆದುಕೊಟ್ಟ.

“ಹಾಗಾದ್ರೆ ಹರಾಜು,” ಎಂದರು ನ್ಯಾಯಾಧೀಶರು. “ಅಥವಾ ನಾಲ್ವರೂ ಒಪ್ಪಿದ್ರೆ ಸರದಿ. ಪಾಲಿಗೆ ತಕ್ಕ ಹಾಗೆ ವಾರ ಹಂಚ್ಕೊಂಡು ನಡೆಸಬಹುದು. ಯೋಚನೆ ಮಾಡಿ ಹೇಳಿ.”

ಯಮ್ನಾಳ ವಕೀಲೆ ತರುಣಿ, ಚುರುಕಿನವಳು. ಯಮ್ನಾಳ ಕಿವಿಯಲ್ಲಿ ಹೇಳಿದಳು: “ಹರಾಜೇ ಆಗ್ಲಿ ಲಲ್ಲಾ ಯಮ್ನಾ. ನಿಮ್ಮ ಪಾಲು ತಗೊಂಡು ಇವರಿಂದ ದೂರ ಆಗಿ. ಸರದಿ ಅಂದ್ರೆ ದಿನಾ ಜಗಳ.”

“ಹರಾಜಾದ್ರೆ ಹಮ್ಮಾಮು ಹೋಗುತ್ತೆ.”

“ಹೋಗ್ಲಿ ಬಿಡಿ.”

“ನೀನು ಅಲ್ಲಿ ಒಂದು ದಿನನಾದ್ರೂ ಸ್ನಾನ ಮಾಡಿದೀಯೇನಮ್ಮಾ?” ಎಂದು ಯಮ್ನಾ ಎದ್ದು ನಿಂತು, “ಸರದಿ ಇರಲಿ ಸ್ವಾಮಿ,” ಎಂದು ನ್ಯಾಯಾಧೀಶರಿಗೆ ಹೇಳಿದಳು. ಹೊರಗಿನವನು ಹರಾಜಿಗೆ ಬಂದಾನೆಂಬ ಭಯಕ್ಕೆ ಬೂಶ್ತಾನೂ ಒಪ್ಪಿದ. ಮೊದಲ ಸಲ ಅಣ್ಣತಂಗಿ ಒಂದೇ ಮಾತಾಡಿದ್ದರು. ಮುಂದೆ ಯಮ್ನಾ ತನ್ನನ್ನು ತಾನು ಬೈದುಕೊಳ್ಳುವಾಗಲೆಲ್ಲ ಇಲ್ಲಿಂದಲೇ ಶುರು ಮಾಡುತ್ತಿದ್ದಳು.

ಗಂಡಿಗೆ ಎರಡು ಪಾಲು, ಹೆಣ್ಣಿಗೆ ಒಂದು. ಆ ಲೆಕ್ಕದಲ್ಲಿ ಬೂಶ್ತಾನಿಗೆ ಎರಡು ವಾರ, ಅಲ್ಲಾಲನಿಗೆ ಎರಡು ವಾರ, ಹನಿಯಾಳಿಗೆ ಒಂದು, ಯಮ್ನಾಳಿಗೆ ಒಂದು. ಹನಿಯಾ ತನ್ನ ವಾರವನ್ನು ಬೂಶ್ತಾನಿಗೇ ಬಿಟ್ಟುಕೊಟ್ಟಳು. ಶುಕ್ರವಾರ ಬೆಳಿಗ್ಗೆ ಬೀಗದ ಕೈ ಬದಲಾಗಬೇಕು. ಉರಿ ನೋಡುವ ಸಲ್ಲಾಮ್ ಮಾತ್ರ ಎಲ್ಲರಿಗೂ ಒಬ್ಬನೇ. ಯಾರ ವಾರವೋ ಅವರೇ ಅವನಿಗೆ ಕೂಲಿ ಕೊಡಬೇಕು.

ಮೊದಲ ಸಲ ತನ್ನ ವಾರ ಬಂದಾಗ ಯಮ್ನಾ ಹೊಸ ಬಟ್ಟೆ ಉಟ್ಟು ಇಳಿದಳು. ಕಟ್ಟೆಯ ಮೇಲೆ ಕುರಿಚರ್ಮ ಹಾಸಿ ಕೂತು, ಬಂದವರಿಗೆಲ್ಲ ಪುದೀನ ಚಹಾ ಕೊಟ್ಟಳು. ಮುಖ ತಿರುಗಿಸಿದ್ದ ಹೆಂಗಸರೂ ಬಂದರು, ಯಾಕೆಂದರೆ ಅವಳಿದ್ದಾಗ ನೀರು ಕೈ ಸುಡುವಷ್ಟು ಬಿಸಿ, ಚಪ್ಪಡಿ ಶುಭ್ರ. “ನಿನ್ನ ವಾರ ಯಾವಾಗ ಯಮ್ನಾ?” ಎಂದು ಬೀದಿಯಲ್ಲಿ ಕೇಳುವುದು ವಾಡಿಕೆಯಾಯಿತು. ಮಕ್ಕಳ ತಲೆಸ್ನಾನ, ಬಾಣಂತಿ ಸ್ನಾನ ಎಲ್ಲವನ್ನೂ ಜನ ಯಮ್ನಾಳ ವಾರಕ್ಕೆ ಮುಂದೂಡತೊಡಗಿದರು.

ಬೂಶ್ತಾ ತನ್ನ ವಾರಗಳಲ್ಲಿ ಸೌದೆ ಕೊಳ್ಳುತ್ತಿರಲಿಲ್ಲ. ಡಿಪೋದ ಬಣ್ಣ ಬಳಿದ ಹಳೆಯ ಹಲಗೆ, ಲಾರಿಯ ಸವೆದ ಟೈರು ತಂದು ಸುರಿಯುತ್ತಿದ್ದ. ಕಪ್ಪು ಹೊಗೆ ಬೀದಿಯ ಒಣಗುಬಟ್ಟೆಗಳ ಮೇಲೆಲ್ಲ ಕೂರುತ್ತಿತ್ತು. ಅಲ್ಲಾಲ್ ಫೆಜ್‌ನಿಂದಲೇ ಉಳಿತಾಯದ ಯೋಚನೆ ಕಳಿಸುತ್ತಿದ್ದ. ಅವನ ಎರಡು ವಾರ ನೀರು ಉಗುರು ಬೆಚ್ಚಗೆ. ಚಪ್ಪಡಿ ಎದ್ದರೆ ಇಬ್ಬರೂ ಕೂರಿಸುತ್ತಿರಲಿಲ್ಲ. ನಾನು ದುಡ್ಡು ಹಾಕುವುದು, ಮುಂದಿನವನು ಸುಖಪಡುವುದೇ ಎಂಬ ಲೆಕ್ಕ. ಬೂದಿ ತೆಗೆಸುವುದು, ಬಕೆಟ್ಟು ಕೊಳ್ಳುವುದು, ಚರಂಡಿ ಬಿಡಿಸುವುದು ಎಲ್ಲ ಯಮ್ನಾಳ ಒಂದು ವಾರಕ್ಕೆ ಬರುತ್ತಿತ್ತು. ವಾರದ ದುಡಿಮೆ ವಾರದ ರಿಪೇರಿಗೇ ಹೋಗುತ್ತಿತ್ತು.

ಆಮೇಲೆ ಬೂಶ್ತಾನಿಗೆ ಇನ್ನೊಂದು ವಿಷಯ ಹೊಳೆಯಿತು. ಹಮ್ಮಾಮು ಎಂದರೆ ಕಲ್ಲು. ಅದು ಬಿಸಿಯಾಗಲು ಎರಡು ದಿನ ಬೇಕು, ಆರಲೂ ಎರಡು ದಿನ ಬೇಕು. ಬುಧವಾರವೇ ಒಲೆಗೆ ಸೌದೆ ನಿಲ್ಲಿಸಿದರೆ ತನ್ನ ವಾರ ಉಳಿದ ಕಾವಿನಲ್ಲೇ ಮುಗಿಯುತ್ತದೆ. ಶುಕ್ರವಾರ ಬರುವವಳಿಗೆ ತಣ್ಣಗಿನ ಕಲ್ಲು ಸಿಗುತ್ತದೆ. ಯಮ್ನಾ ಬೀಗ ತೆಗೆದು ಒಳಗೆ ಹೋದಾಗ ಗೋಡೆಗಳು ಚಳಿಗೆ ಕೊರೆಯುತ್ತಿದ್ದವು. ಶುಕ್ರ, ಶನಿ ಎರಡೂ ದಿನ ಬರೀ ಒಲೆ ಉರಿಸುವುದು, ಬಂದವರನ್ನು ವಾಪಸು ಕಳಿಸುವುದು. ನೋಡನೋಡುತ್ತ ಅಲ್ಲಾಲನೂ ಅದನ್ನೇ ಕಲಿತ. ಅಣ್ಣ ತಮ್ಮನಿಗೆ, ತಮ್ಮ ಅಣ್ಣನಿಗೆ ತಣ್ಣಗಿನ ಕಲ್ಲು ಬಿಟ್ಟುಹೋಗತೊಡಗಿದರು.

ಯಮ್ನಾ ಮಾತ್ರ ಬಿಸಿಯಾಗಿಯೇ ಬಿಟ್ಟುಕೊಡುತ್ತಿದ್ದಳು. ಗುರುವಾರ ಸಂಜೆಯೂ ಸಲ್ಲಾಮನಿಗೆ ಪೂರ್ತಿ ಸೌದೆ ಕೊಡುತ್ತಿದ್ದಳು.

“ಯಾಕ್ ಲಲ್ಲಾ, ನಾಳೆ ನಿಮ್ಮದಲ್ಲವಲ್ಲ?” ಎಂದು ಅವನು ಕೇಳಿದರೆ, “ಬರೋ ಹೆಂಗಸರು ನಮ್ಮೋರೇ ಅಲ್ವಾ ಚಿಕ್ಕಪ್ಪ. ಅವರ ಮಕ್ಕಳು ಯಾಕೆ ನಡುಗಬೇಕು?” ಎನ್ನುತ್ತಿದ್ದಳು.

ಹೀಗೆ ಒಂದು ವರ್ಷ ಕಳೆಯಿತು, ಎರಡನೆಯದೂ ಅರ್ಧವಾಯಿತು. ಒಂದು ಚಳಿಗಾಲ ಬೂಶ್ತಾ ಕೋರ್ಟಿಗೆ ಅರ್ಜಿ ಹಾಕಿದ: ಯಮ್ನಾ ತನ್ನ ವಾರದಲ್ಲಿ ಗಿರಾಕಿಗಳಿಗೆ ಚಹಾ ಕೊಟ್ಟು ಪುಸಲಾಯಿಸಿ ಉಳಿದವರ ವಾರ ಕೆಡಿಸುತ್ತಿದ್ದಾಳೆ, ಅವಳ ಸರದಿ ರದ್ದಾಗಬೇಕು. ಅರ್ಜಿಗೆ ಅಲ್ಲಾಲನ ರುಜು ಇತ್ತು. ಹನಿಯಾಳದೂ ಇತ್ತು. ಆ ಸಲ ಯಮ್ನಾ ಬೀಗ ತೆಗೆದರೆ ಕಲ್ಲು ತಣ್ಣಗಿರುವುದು ಹಾಗಿರಲಿ, ಬಾವಿಯ ಪಂಪೇ ಇರಲಿಲ್ಲ.

ಡಿಪೋಗೆ ಆಳು ಕಳಿಸಿ ಕೇಳಿಸಿದಳು. “ಪಂಪು ನಾನು ಹಾಕಿಸಿದ್ದು. ನನ್ನ ವಾರಕ್ಕೆ ತಂದು ಹಾಕ್ತೀನಿ,” ಎಂದು ಉತ್ತರ ಬಂತು.

ಆ ವಾರ ಪೂರ್ತಿ ಅವಳು, ಮೈ ತಿಕ್ಕುವ ಇಬ್ಬರು ಹೆಂಗಸರು ಬಾವಿಯಿಂದ ಹಗ್ಗದಲ್ಲಿ ನೀರು ಸೇದಿದರು. ಅಂಗೈ ಹರಿದವು. ಬಾಣಂತಿಯೊಬ್ಬಳು ಕೂಸನ್ನೆತ್ತಿಕೊಂಡು ಬಂದು, ನೀರು ಸಾಲದೆ, ಅರ್ಧ ಸಾಬೂನು ಮೈಯಲ್ಲೇ ಬಟ್ಟೆ ಸುತ್ತಿಕೊಂಡು ಹೋದಳು. “ನಿನ್ನ ವಾರಾನೂ ಹೀಗಾಯ್ತಲ್ಲ ಯಮ್ನಾ,” ಎಂದಷ್ಟೇ ಹೇಳಿದಳು. ಅದು ಬೂಶ್ತಾನ ಅರ್ಜಿಗಿಂತ ಜೋರಾಗಿ ತಟ್ಟಿತು.

ಶುಕ್ರವಾರ ಬೆಳಿಗ್ಗೆ, ಬೀಗದ ಕೈ ಕೊಡುವ ಹೊತ್ತಿಗೆ ಮುಂಚೆ, ಅವಳು ಒಲೆಮನೆಗೆ ಇಳಿದಳು. ಕೊಪ್ಪರಿಗೆಯ ಕೆಳಗೆ ಕೆಂಡ ನಿಗಿನಿಗಿ ಎನ್ನುತ್ತಿತ್ತು.

“ಚಿಕ್ಕಪ್ಪ, ಉರಿ ಆರಿಸು.”

“ತಾನಾಗೇ ಆರಲಿ ಬಿಡಿ ಲಲ್ಲಾ.”

“ಈಗಲೇ ಆರಿಸು. ನೀರು ಹುಯ್ಯಿ. ಕೊಪ್ಪರಿಗೆ ನೀರೂ ಬಿಟ್ಬಿಡು. ಅವನಿಗೆ ಒಂದು ಹನಿ ಬಿಸಿನೀರು ಸಿಗಕೂಡದು.”

“ಬೇಡ ಲಲ್ಲಾ. ಹಳೇ ತಾಮ್ರ, ಬೆಸುಗೆ ಹಾಕಿ ಹಾಕಿ ನಿಂತಿರೋದು. ಹೀಗೆ ಕಾದಿರುವಾಗ ತಣ್ಣೀರು ಬಿದ್ರೆ ತಡ್ಕೊಳಲ್ಲ.”

“ನಾನು ತಡ್ಕೊಂಡಿಲ್ವಾ?”

ಸಲ್ಲಾಮ್ ಕದಲಲಿಲ್ಲ. ಯಮ್ನಾ ತಾನೇ ಬಕೆಟ್ಟು ಎತ್ತಿದಳು. ಕೊಪ್ಪರಿಗೆಯ ನೀರು ತಾನೇ ಹೊರಬಿಟ್ಟು, ಕೆಂಡದ ಮೇಲೆ ಒಂದಾದ ಮೇಲೊಂದು ಸುರಿದಳು. ಬೂದಿ ಬುಸ್ಸೆಂದು ಎದ್ದು ಅವಳ ಮುಖ, ಕೂದಲು, ಬಾಯಿಯನ್ನೆಲ್ಲ ತುಂಬಿತು. ಎಲ್ಲೋ ಒಳಗೆ ಟಣ್ ಎಂದು ಸಣ್ಣ ಸದ್ದಾಯಿತು. ಇಬ್ಬರಿಗೂ ಕೇಳಿಸಿತು. ಅವಳು ಹತ್ತಿ ಬಂದು ಮುಖ ತೊಳೆದು, ಬೀಗದ ಕೈಯನ್ನು ಬೂಶ್ತಾನ ಆಳಿಗೆ ಕೊಟ್ಟು, ಮೇಲಿನ ಕೋಣೆಯಲ್ಲಿ ಬಾಗಿಲು ಹಾಕಿಕೊಂಡಳು. ಎಷ್ಟೋ ತಿಂಗಳ ಮೇಲೆ ಹೊಟ್ಟೆ ತಣ್ಣಗಾದ ಹಾಗಿತ್ತು. ಅದನ್ನು ಅವಳು ಮುಂದೆ ಯಾರ ಹತ್ತಿರವೂ ಮುಚ್ಚಿಡಲಿಲ್ಲ.

ಮರುದಿನ ಹಬ್ಬದ ಮುನ್ನಾದಿನ. ಊರಿಗೆ ಊರೇ ಸ್ನಾನಕ್ಕೆ ಬರುವ ದಿನ. ಬೂಶ್ತಾ ಆ ಶುಕ್ರವಾರವೇ ಬಂದು ನೋಡಿದರೆ ಒಲೆಯಲ್ಲಿ ಕೆಸರು, ಕೊಪ್ಪರಿಗೆ ಬರಿದು. ಕೂಗಾಡಿದ, ಮೇಲಿನ ಕೋಣೆಯ ಕಡೆ ಕೈಯೆತ್ತಿ ಬಾಯಿಗೆ ಬಂದ ಹಾಗೆ ಬೈದ. ಬೇಗ ಕಾಯಲಿ ಎಂದು ಕೊಪ್ಪರಿಗೆಗೆ ಅರ್ಧವೇ ನೀರು ತುಂಬಿಸಿ, ಟೈರು, ಬಣ್ಣದ ಹಲಗೆ ಎಲ್ಲ ಒಟ್ಟಿಗೆ ತುರುಕಲು ಹೇಳಿದ. “ನಿಧಾನ ಕಾಯಿಸ್ಬೇಕು ಸೀ ಬೂಶ್ತಾ,” ಎಂದ ಸಲ್ಲಾಮ್, ಯಜಮಾನರಿಗೆ ಹೇಳುವ ಮರ್ಯಾದೆಯ ‘ಸೀ’ ಬಿಡದೆ. “ನಿನಗೆ ಕೂಲಿ ಕೊಡೋದು ಉಪದೇಶಕ್ಕಾ?” ಎಂದ ಬೂಶ್ತಾ. ಸಲ್ಲಾಮ್ ತುರುಕಿದ. ಎರಡೂ ದಿನ ತುರುಕಿದ.

ಶನಿವಾರ ಗಂಡಸರ ಸರದಿ ಮುಗಿಯುವ ಹೊತ್ತಿಗೆ ಯಮ್ನಾಳ ಕಾಲ ಕೆಳಗಿನ ನೆಲ ಒಮ್ಮೆ ನಡುಗಿತು. ಅವಳು ಏನಾಯಿತೆಂದು ಯೋಚಿಸಲಿಲ್ಲ. ಗೊತ್ತಿತ್ತು. ಮೆಟ್ಟಿಲಿಳಿದು ಓಡಿದಳು. ಕೊಪ್ಪರಿಗೆಯ ತಳದ ಬೆಸುಗೆ ಬಾಯಿಬಿಟ್ಟು ಕುದಿಯುವ ನೀರು ಕೆಂಡದ ಮೇಲೆ ಬಿದ್ದು, ಒಲೆಯ ಬಾಯಿಂದ ಉಗಿ, ಬೂದಿ, ಬೆಂಕಿ ಒಟ್ಟಿಗೆ ನುಗ್ಗಿತ್ತು. ಒಲೆಯ ಮುಂದೆ ಕುಕ್ಕರಗಾಲಲ್ಲಿ ಕೂತಿದ್ದವನು ಸಲ್ಲಾಮ್. ಗಂಡಸರು ಸೊಂಟಕ್ಕೆ ಟವೆಲು ಸುತ್ತಿಕೊಂಡೇ ಅವನನ್ನು ಹೊತ್ತು ಬೀದಿಗೆ ತಂದರು. ತೊಡೆಯಿಂದ ಕೆಳಗೆ ಚರ್ಮ ಕಾಲುಚೀಲದ ಹಾಗೆ ಸುಲಿದುಬಂದಿತ್ತು. ಅವನು ಕೂಗುತ್ತಿರಲಿಲ್ಲ. “ಬೆಂಕಿ, ಬೆಂಕಿ ನೋಡ್ಕೊಳಿ,” ಎನ್ನುತ್ತಿದ್ದ.

ಸಲ್ಲಾಮ್ ಬದುಕಿದ. ತಿಂಗಳುಗಟ್ಟಲೆ ಆಸ್ಪತ್ರೆಯಲ್ಲಿದ್ದು, ಎರಡು ಕೋಲಿನ ಮೇಲೆ ಎದ್ದು ನಿಂತ. ಅವನ ಹೆಂಡತಿ ಪರಿಹಾರಕ್ಕೆಂದು ನಾಲ್ಕೂ ಜನರ ಮೇಲೆ ದಾವೆ ಹಾಕಿದಳು. ಕೋರ್ಟಿನಲ್ಲಿ ಬೂಶ್ತಾನ ವಕೀಲರು ಎಲ್ಲ ಯಮ್ನಾಳ ತಲೆಗೆ ಕಟ್ಟಿದರು. ಯಮ್ನಾಳ ವಕೀಲೆ ಎಲ್ಲ ಬೂಶ್ತಾನ ತಲೆಗೆ. “ನೀವು ಏನೂ ಹೇಳ್ಬೇಡಿ ಲಲ್ಲಾ, ನಾನು ನೋಡ್ಕೋತೀನಿ. ಮುದುಕ ನಿಮ್ಮ ಮನುಷ್ಯ, ನಿಮ್ಮ ಹೆಸರು ಹೇಳಲ್ಲ,” ಎಂದಳು ವಕೀಲೆ.

ಸಲ್ಲಾಮನನ್ನು ಕುರ್ಚಿಯಲ್ಲಿ ಕೂರಿಸಿ ನ್ಯಾಯಾಧೀಶರು ಕೇಳಿದರು: “ಕಾದ ಕೊಪ್ಪರಿಗೆ ಕೆಳಗಿನ ಬೆಂಕಿಗೆ ನೀರು ಹೊಯ್ದೋರು ಯಾರು?”

ಸಲ್ಲಾಮ್ ಯಮ್ನಾಳ ಮುಖವನ್ನೇ ನೋಡಿದ. “ಲಲ್ಲಾ ಯಮ್ನಾ,” ಎಂದ.

“ನೀವು ಬೇಡ ಅಂದ್ರಾ?”

“ಅಂದೆ.”

“ಆಮೇಲೆ ಅಷ್ಟು ಜೋರಾಗಿ ಉರಿ ಹಾಕೋಕೆ ಹೇಳಿದೋರು?”

“ಸೀ ಬೂಶ್ತಾ. ಅವರಿಗೂ ಬೇಡ ಅಂದೆ.”

“ಹಾಗಾದ್ರೆ ಯಾಕೆ ಹಾಕಿದ್ರಿ?”

“ಅದೇ ನನ್ನ ಕೆಲಸ ಅಲ್ವಾ ಸ್ವಾಮಿ,” ಎಂದ ಸಲ್ಲಾಮ್.

ವಕೀಲೆ ಯಮ್ನಾಳ ತೋಳು ಹಿಡಿದರೂ ಅವಳು ಎದ್ದು ನಿಂತು, “ಅವರು ಹೇಳಿದ್ದೆಲ್ಲ ನಿಜ,” ಎಂದಳು. ಅಷ್ಟು ವರ್ಷಗಳಲ್ಲಿ ಆ ಕೋಣೆಯಲ್ಲಿ ಯಾರಾದರೂ ನಡೆದದ್ದನ್ನು ನಡೆದ ಹಾಗೆ ಹೇಳಿದ್ದು ಅದೇ ಮೊದಲು. ಮೈ ಹಗುರಾದೀತು ಎಂದುಕೊಂಡಿದ್ದಳು. ಆಗಲಿಲ್ಲ. ಸಲ್ಲಾಮನ ಹೆಂಡತಿ ಅವಳ ಪಕ್ಕದಿಂದ ಹಾದುಹೋಗುವಾಗ ಬಟ್ಟೆಯ ಅಂಚು ತಾಕದ ಹಾಗೆ ಎಳೆದುಕೊಂಡಳು.

ಇನ್ನು ಸರದಿಯ ಮಾತೇ ಇರಲಿಲ್ಲ. ಹರಾಜು. ತಳ ಒಡೆದ ಕೊಪ್ಪರಿಗೆ, ಬಿರುಕುಬಿಟ್ಟ ಒಲೆ. ಮೊದಲ ಸಲ ಯಾರೂ ಕೂಗಲಿಲ್ಲ. ಬೆಲೆ ಇಳಿಸಿ ಎರಡನೆಯ ಸಲ ಕರೆದರು, ಆಗಲೂ ಇಲ್ಲ. ಮೂರನೆಯ ಸಲ ಕೊಂಡವನು ತಾಹಿರಿ. ಹೊಳೆಯಾಚೆ, ನೆಲದಿಂದ ಸೂರಿನವರೆಗೆ ಬಿಳಿ ಟೈಲ್ಸ್ ಹಾಕಿಸಿ, ನಲ್ಲಿ ತಿರುಗಿಸಿದರೆ ನೀರು ಬರುವಂಥ ಹೊಸ ಹಮ್ಮಾಮು ಕಟ್ಟಿದ್ದವನು. ಕಾಗದಪತ್ರ ಆದ ದಿನವೇ ಹಳೆಯ ಹಮ್ಮಾಮಿನ ಬಾಗಿಲಿಗೆ ಇಟ್ಟಿಗೆ ಕಟ್ಟಿಸಿದ. ನಡೆಸಲು ಕೊಂಡದ್ದಲ್ಲ, ಬೇರೆ ಯಾರೂ ನಡೆಸಬಾರದೆಂದು ಕೊಂಡದ್ದು. ಬಂದ ಹಣದಲ್ಲಿ ಸಲ್ಲಾಮನ ಪರಿಹಾರ, ಕೋರ್ಟಿನ ಖರ್ಚು, ನಾಲ್ಕು ಜನರ ವಕೀಲರು, ಕಟ್ಟದೆ ಉಳಿದ ತೆರಿಗೆ ಎಲ್ಲ ಕಳೆದು, ಉಳಿದದ್ದನ್ನು ನಾಲ್ವರೂ ಎಣಿಸಿಕೊಳ್ಳದೆಯೇ ಜೇಬಿಗೆ ಹಾಕಿಕೊಂಡರು. ಹಮ್ಮಾಮಿನ ಜೊತೆ ಮೇಲಿನ ಕೋಣೆಯೂ ಹೋಯಿತು.

ಕೋರ್ಟಿನ ಮೆಟ್ಟಿಲ ಮೇಲೆ ಬೂಶ್ತಾ ಅವಳನ್ನು ತಡೆದ.

“ಸಿಕ್ತಾ ನಿನ್ನ ಕಟ್ಟೆ?”

“ಸಿಕ್ತಾ ನಿನ್ನ ಹಮ್ಮಾಮು?”

ಅವನ ಗಡ್ಡವೆಲ್ಲ ಬೆಳ್ಳಗಾಗಿರುವುದನ್ನು ಯಮ್ನಾ ಆಗಲೇ ನೋಡಿದ್ದು. ಅವನು ಮೆಟ್ಟಿಲಿಳಿದು ಹೋದ. ಅಣ್ಣತಂಗಿಯ ಮಾತು ಅಲ್ಲಿಗೆ ಮುಗಿಯಿತು. ಅಲ್ಲಾಲ್ ಆಮೇಲೂ ಹಬ್ಬಕ್ಕೆ ಫೋನು ಮಾಡಿ “ಅಕ್ಕ, ಸಲಾಮ್” ಎನ್ನುತ್ತಿದ್ದ. ಎಲ್ಲಿದ್ದೀಯ, ಹೇಗಿದ್ದೀಯ ಎಂದು ಮಾತ್ರ ಕೇಳುತ್ತಿರಲಿಲ್ಲ.

ಯಮ್ನಾ ಚಮ್ಮಾರರ ಬೀದಿಯಲ್ಲಿ ಒಂದು ಕೋಣೆ ಬಾಡಿಗೆಗೆ ಹಿಡಿದಳು. ತಿಂಗಳಿಗೊಮ್ಮೆ ಸಲ್ಲಾಮನ ಮನೆಗೆ ಸಕ್ಕರೆ, ಎಣ್ಣೆ ತೆಗೆದುಕೊಂಡು ಹೋಗುತ್ತಿದ್ದಳು. ಅವನ ಹೆಂಡತಿ ಚೀಲ ಇಸಿದುಕೊಂಡು ಬಾಗಿಲು ಹಾ‌ಕಿಕೊಳ್ಳುತ್ತಿದ್ದಳು. ಒಳಗೆ ಬಾ ಎಂದು ಒಂದು ದಿನವೂ ಕರೆಯಲಿಲ್ಲ. ಯಮ್ನಾ ಕರೆಯಲಿ ಎಂದು ಹೋಗುತ್ತಲೂ ಇರಲಿಲ್ಲ.

ಕೈಲಿದ್ದದ್ದು ಕರಗಿದ ಮೇಲೆ ಹೊಳೆ ದಾಟಿ ತಾಹಿರಿಯ ಹತ್ತಿರ ಹೋಗಿ ಕೆಲಸ ಕೇಳಿದಳು. ತಾಹಿರಿ ಕೆಟ್ಟವನೇನಲ್ಲ. “ನಿಮ್ಮನ್ನ ಕೂರಿಸಿದ್ರೆ ಹಳೇಪೇಟೆ ಹೆಂಗಸರು ಈ ಕಡೆ ಬರ್ತಾರೆ ಅಂತ ನಾನೇ ಹೇಳಿ ಕಳಿಸೋಣ ಅಂತಿದ್ದೆ ಲಲ್ಲಾ. ನೀವು ಒಪ್ತೀರೋ ಇಲ್ವೋ ಅಂತ ಸುಮ್ಮನಾದೆ,” ಎಂದ. ಪ್ಲಾಸ್ಟಿಕ್ ಕುರ್ಚಿ, ಮೇಜು, ಚೀಟಿ ಪುಸ್ತಕ ಕೊಟ್ಟ. ಬಟ್ಟೆಗಂಟಿಗೆ ನಂಬರಿನ ಬಿಲ್ಲೆ. ಇಲ್ಲಿ ಜಗಳ ಬಿಡಿಸುವ ಕೆಲಸವಿಲ್ಲ, ನಲ್ಲಿಗಳು ಬೇಕಾದಷ್ಟಿದ್ದವು.

ಮೂರನೆಯ ವರ್ಷದ ಬೇಸಿಗೆಯಲ್ಲಿ, ಒಂದು ಗುರುವಾರ, ಹಮ್ಮಾಮನ್ನು ಪೂರ್ತಿ ಮದುವಣಗಿತ್ತಿಯ ಸ್ನಾನಕ್ಕೆ ಯಾರೋ ಹಿಡಿದಿದ್ದಾರೆ ಎಂದು ತಾಹಿರಿ ಹೇಳಿದ. ಮಧ್ಯಾಹ್ನ ಬೀದಿಯಲ್ಲಿ ಡೋಲು, ಹೆಂಗಸರು ಶುಭಕ್ಕೆಂದು ನಾಲಿಗೆ ಹೊರಳಿಸಿ ಹಾಕುವ ಉಲಿಯ ಸದ್ದು ಕೇಳಿಸಿತು. ಮೇಣದಬತ್ತಿ ಹಿಡಿದ ಹುಡುಗಿಯರು, ಅವರ ನಡುವೆ ಹಸಿರು ದುಪ್ಪಟಿಯ ಮದುವಣಗಿತ್ತಿ, ಅವಳ ಹಿಂದೆ ಕೈತುಂಬ ಚಿನ್ನದ ಹನಿಯಾ. ಗಂಡಿನ ಕಡೆಯವರು ಈಚೆಗೆ ಸೆಫ್ರೂವಿಗೆ ಬಂದು ನೆಲೆಸಿದವರು, ಮದುವೆ ಇಲ್ಲೇ. ಯಮ್ನಾಳಿಗೆ ಗೊತ್ತಿರಲಿಲ್ಲ. ತಂಗಿಯ ಮಗಳು ಇಷ್ಟು ಬೆಳೆದಿದ್ದಾಳೆ ಎಂಬುದೇ ಗೊತ್ತಿರಲಿಲ್ಲ.

ಹನಿಯಾ ಮೇಜಿನ ಮುಂದೆ ನಿಂತುಬಿಟ್ಟಳು. ಅವಳ ಪಕ್ಕದಲ್ಲಿ ಗಂಡಿನ ತಾಯಿ.

“ಪರಿಚಯದೋರಾ?” ಎಂದು ಆಕೆ ಕೇಳಿದಳು, ಇಬ್ಬರ ಮುಖ ನೋಡಿ.

“ನಮ್ಮ ತಂದೆಯ ಹಮ್ಮಾಮಿನಲ್ಲಿ ಕೂರ್ತಿದ್ರು,” ಎಂದಳು ಹನಿಯಾ. “ತುಂಬ ವರ್ಷ.”

ಗಂಡಿನ ತಾಯಿ ಯಮ್ನಾಳನ್ನು ನೋಡಿ ನಕ್ಕಳು. “ಹೌದಾ ಲಲ್ಲಾ?”

“ಹೌದು,” ಎಂದಳು ಯಮ್ನಾ. “ತುಂಬ ವರ್ಷ.”

ಗಂಟು ತೆಗೆದುಕೊಂಡಳು, ಬಿಲ್ಲೆ ಕೊಟ್ಟಳು, ತಲೆ ಎಣಿಸಿದಳು, ಎಲ್ಲರ ದುಡ್ಡೂ ಕೇಳಿ ಪಡೆದಳು, ಒಂದು ಕಾಸೂ ಬಿಡಲಿಲ್ಲ. ಒಳಗೆ ಹಾಡು ಶುರುವಾಯಿತು. ಮದುವಣಗಿತ್ತಿಯ ತಲೆಗೆ ಮೊದಲ ನೀರು ಹಾಕುವಾಗ ತಾಯಿಯ ಅಕ್ಕ ಉಲಿ ಹಾಕಬೇಕು. ಒಳಗೆ ಯಾರೋ ಹಾಕಿದರು. ಗಂಟಲು ತೆಳ್ಳಗಿತ್ತು, ಅರ್ಧಕ್ಕೇ ನಿಂತಿತು.

ಸಂಜೆ ಎಲ್ಲರೂ ಹೊರಟ ಮೇಲೆ ಹನಿಯಾ ಒಬ್ಬಳೇ ಹಿಂದೆ ಉಳಿದಳು. ಮುಖ ಕೆಂಪಾಗಿತ್ತು. ಮಡಿಚಿದ ನೋಟೊಂದನ್ನು ಮೇಜಿನ ಮೇಲಿಟ್ಟಳು.

“ಅಕ್ಕ, ತಪ್ಪು ತಿಳ್ಕೋಬೇಡ. ಅವರಿಗೆ ಕೋರ್ಟಿನ ಕಥೆ ಏನೂ ಗೊತ್ತಿಲ್ಲ. ದೊಡ್ಡ ಮನೆತನ. ಹುಡುಗಿ ಬಾಳು...”

“ಹತ್ತನೇ ನಂಬರಿನ ಬಿಲ್ಲೆ ಬಂದಿಲ್ಲ,” ಎಂದಳು ಯಮ್ನಾ. “ನಿಮ್ಮ ಕಡೆಯೋರು ಯಾರೋ ಒಳಗೇ ಬಿಟ್ಟಿದಾರೆ. ನೋಡಿ ತಂದುಕೊಡು, ಇಲ್ಲದಿದ್ರೆ ನನ್ನ ಸಂಬಳದಲ್ಲಿ ಹಿಡೀತಾರೆ.”

ಹನಿಯಾ ಒಳಗೆ ಹೋದಳು. ಒದ್ದೆ ನೆಲದ ಮೇಲೆ ಬಗ್ಗಿ ಬಗ್ಗಿ ಹುಡುಕುತ್ತಿದ್ದಳು. ರೇಷ್ಮೆಯ ಅಂಚು ನೀರಿನಲ್ಲಿ ತೊಯ್ಯುತ್ತಿತ್ತು. ಯಮ್ನಾ ಕುರ್ಚಿಯಿಂದ ಏಳಲಿಲ್ಲ. ಬಿಲ್ಲೆ ಸಿಕ್ಕಿತು; ಹನಿಯಾ ತಂದು ಮೇಜಿನ ಮೇಲಿಟ್ಟಳು. ಯಮ್ನಾ ಅದನ್ನು ಮೊಳೆಗೆ ತೂಗುಹಾಕಿ, ನೋಟನ್ನೂ ತೆಗೆದುಕೊಂಡು ಮಡಿಲಿಗೆ ಸಿಕ್ಕಿಸಿಕೊಂಡಳು. ಬಾಡಿಗೆ ಕಟ್ಟಬೇಕಿತ್ತು.